ಮಾಂಜ್ರಾ ತೀರದ ಮದ್ದಿನ ಉದ್ಯಮ: ಒಂದು ಆಯವ್ಯಯ ವಿಚಾರ

ಕನ್ನಡದ 'ಮದ್ದು' ಎಂಬ ಪದಕ್ಕೆ ಮೂರು ಅರ್ಥಗಳುಂಟು. ರೋಗವನ್ನು ಕಳೆಯುವ ಔಷಧವು ಮೊದಲನೆಯದು. ಅನ್ನದಲ್ಲಿ ಬೆರೆಸಿ ಇಕ್ಕುವ ವಿಷವು ಎರಡನೆಯದು. ತುಪಾಕಿಯಲ್ಲಿ ತುಂಬುವ ಸಿಡಿಮದ್ದು ಮೂರನೆಯದು. ಸಂಸ್ಕೃತದ 'ರಸಾಯನ' ಶಬ್ದದ ಕಥೆಯೂ ಹೀಗೆಯೇ ಸ್ವಾರಸ್ಯವಾದುದು. ಆಯುರ್ವೇದದ ಎಂಟು ಅಂಗಗಳಲ್ಲಿ ಮುಪ್ಪನ್ನು ಮುಂದೂಡುವ ರಸಾಯನತಂತ್ರವು ಒಂದಾದರೆ, ವಿಷದ ಲಕ್ಷಣ ಮತ್ತು ಪರಿಹಾರಗಳನ್ನು ಹೇಳುವ ಅಗದತಂತ್ರವು ಇನ್ನೊಂದು. ಪೂರ್ವಿಕರು ಇವೆರಡನ್ನೂ ಒಂದೇ ಶಾಸ್ತ್ರದ ಅಂಗಗಳಾಗಿ ಎಣಿಸಿದರು. ಒಂದನ್ನು ಬಲ್ಲವನು ಇನ್ನೊಂದನ್ನೂ ಅರಿತಿರಬೇಕೆಂಬುದು ಅದರ ಇಂಗಿತವಾಗಿರಬೇಕು. ಆಧುನಿಕ ರಸಾಯನೋದ್ಯಮದಲ್ಲಿ ಈ ಎರಡು ಅಂಗಗಳು ಬೇರ್ಪಟ್ಟರೆ ಏನಾಗುತ್ತದೆಂಬುದಕ್ಕೆ ಕನ್ನಡ ನಾಡಿನ ಗಡಿಯಾಚೆ, ಮಾಂಜ್ರಾ ನದಿಯ ಪಾತ್ರಕ್ಕೆ ಸಮೀಪದಲ್ಲಿರುವ ಪಟಾಂಚೆರು ಪ್ರದೇಶವು ಒಂದು ದೃಷ್ಟಾಂತವಾಗಿದೆ.

ಪ್ರದೇಶ ಮತ್ತು ನದಿ

ಹುಮನಾಬಾದಿನಿಂದ ಜಹೀರಾಬಾದಿನ ಮೇಲೆ ಹಾಯ್ದು ಹೋಗುವ ರಾಷ್ಟ್ರೀಯ ಹೆದ್ದಾರಿಯಲ್ಲಿ, ಹೈದರಾಬಾದು ಇನ್ನು ಸುಮಾರು ಮೂವತ್ತು ಕಿಲೋಮೀಟರು ಇರುವಾಗ ಪಟಾಂಚೆರು ಎದುರಾಗುತ್ತದೆ. ಮೊದಲು ಮೇದಕ ಜಿಲ್ಲೆಯಲ್ಲಿದ್ದ ಈ ಊರು ೨೦೧೬ರಿಂದ ತೆಲಂಗಾಣದ ಸಂಗಾರೆಡ್ಡಿ ಜಿಲ್ಲೆಗೆ ಸೇರಿದೆ. ಅರೆಶುಷ್ಕ ಪ್ರದೇಶಗಳ ಬೆಳೆಗಳನ್ನು ಕುರಿತು ಸಂಶೋಧನೆ ನಡೆಸುವ ಅಂತರರಾಷ್ಟ್ರೀಯ ಸಂಸ್ಥೆಯು ೧೯೭೨ರಲ್ಲಿ ನೆಲೆಗೊಂಡದ್ದು ಇಲ್ಲಿಯೇ. ಅದೇ ದಶಕದಲ್ಲಿ ಇಲ್ಲಿ ಕೈಗಾರಿಕಾ ವಸಾಹತು ತಲೆಯೆತ್ತಿ, ಬೊಲ್ಲಾರಂ, ಪಾಶಮೈಲಾರಂ ಮೊದಲಾದ ನೆರೆಯ ಊರುಗಳಿಗೂ ಹಬ್ಬಿತು. ಮೇದಕವು ೧೯೮೦ರಲ್ಲಿ ಶ್ರೀಮತಿ ಇಂದಿರಾ ಗಾಂಧಿಯವರನ್ನು ಲೋಕಸಭೆಗೆ ಆರಿಸಿ ಕಳುಹಿಸಿದ ಕ್ಷೇತ್ರ. ಹಿಂದುಳಿದ ಜಿಲ್ಲೆಗೆ ಕಾರ್ಖಾನೆಗಳು ಬಂದರೆ ಬಡತನ ನೀಗುವುದೆಂಬ ನಂಬಿಕೆ ಅಂದಿನ ಕಾಲಧರ್ಮವಾಗಿತ್ತು.

ಬಾಲಾಘಾಟ ಬೆಟ್ಟಸಾಲಿನಲ್ಲಿ ಹುಟ್ಟುವ ಮಾಂಜ್ರಾ ನದಿಯು ಬೀದರ ಜಿಲ್ಲೆಯನ್ನು ತೊಯಿಸಿ, ತೆಲಂಗಾಣವನ್ನು ಹೊಕ್ಕು, ನಿಜಾಮಸಾಗರವನ್ನು ತುಂಬಿ ಗೋದಾವರಿಯನ್ನು ಸೇರುತ್ತದೆ. ಬೀದರ ಪಟ್ಟಣಕ್ಕೂ ಹೈದರಾಬಾದು ನಗರಕ್ಕೂ ಇದು ಕುಡಿಯುವ ನೀರನ್ನಿತ್ತ ನದಿ. ತೆಲುಗರು ಇದನ್ನು ಮಂಜೀರಾ ಎನ್ನುತ್ತಾರೆ. ಸಂಸ್ಕೃತದಲ್ಲಿ ಮಂಜೀರವೆಂದರೆ ಕಾಲಂದುಗೆ. ಪಟಾಂಚೆರುವಿನ ಕಾರ್ಖಾನೆಗಳ ನಡುವಿನಿಂದ ಹೊರಡುವ ನಕ್ಕವಾಗು ಎಂಬ ಹಳ್ಳವು ಈ ನದಿಯನ್ನು ಕೂಡುತ್ತದೆ. ಬೀದರವು ನದಿಯ ಮೇಲ್ಭಾಗದಲ್ಲಿರುವುದರಿಂದ ಆ ಹಳ್ಳದ ನೀರು ಕನ್ನಡ ನೆಲಕ್ಕೆ ಹರಿದು ಬರುವಂತಿಲ್ಲ. ಆದರೆ ಅದು ಕಲಿಸುವ ಪಾಠಕ್ಕೆ ಗಡಿಯ ಕಟ್ಟಿಲ್ಲ.

ಉದ್ಯಮದ ಏಳಿಗೆ

ಸೋವಿಯತ್ ರಷ್ಯದ ನೆರವಿನಿಂದ ೧೯೬೧ರಲ್ಲಿ ಸ್ಥಾಪಿತವಾದ ಸರ್ಕಾರಿ ಔಷಧ ಸಂಸ್ಥೆಯಾದ ಐ.ಡಿ.ಪಿ.ಎಲ್. ಹೈದರಾಬಾದಿನಲ್ಲಿ ಒಂದು ಕಾರ್ಖಾನೆಯನ್ನು ತೆರೆಯಿತು. ಔಷಧ ತಯಾರಿಕೆಯ ಕೈಚಳಕವನ್ನು ಅಲ್ಲಿ ಕಲಿತ ಅನೇಕ ರಸಾಯನಶಾಸ್ತ್ರಜ್ಞರು ಮುಂದೆ ಸ್ವಂತ ಉದ್ದಿಮೆಗಳನ್ನು ಹೂಡಿದರು. ೧೯೮೪ರಲ್ಲಿ ತಮ್ಮ ಹೆಸರಿನ ಸಂಸ್ಥೆಯನ್ನು ಕಟ್ಟಿದ ಡಾ. ಕೆ. ಅಂಜಿರೆಡ್ಡಿಯವರು ಅವರಲ್ಲಿ ಪ್ರಖ್ಯಾತರು. ೧೯೭೦ರಲ್ಲಿ ಅಂಗೀಕೃತವಾಗಿ ೧೯೭೨ರಲ್ಲಿ ಜಾರಿಗೆ ಬಂದ ಪೇಟೆಂಟ್ ಕಾಯಿದೆಯು ಇವರಿಗೆ ಬೆನ್ನೆಲುಬಾಯಿತು. ಔಷಧ ವಸ್ತುವಿನ ಮೇಲೆ ಯಾರಿಗೂ ಏಕಸ್ವಾಮ್ಯವಿಲ್ಲ, ಅದನ್ನು ತಯಾರಿಸುವ ವಿಧಾನದ ಮೇಲೆ ಮಾತ್ರ ಉಂಟು ಎಂದು ಆ ಕಾಯಿದೆಯು ವಿಧಿಸಿತು. ವಿದೇಶಗಳಲ್ಲಿ ದುಬಾರಿಯಾಗಿದ್ದ ಔಷಧವನ್ನು ಬೇರೊಂದು ವಿಧಾನದಿಂದ ಇಲ್ಲಿ ಅಗ್ಗವಾಗಿ ತಯಾರಿಸಲು ಇದರಿಂದ ದಾರಿ ತೆರೆಯಿತು. ೨೦೦೫ರ ಜನವರಿ ೧ರಿಂದ ವಸ್ತುವಿನ ಮೇಲಿನ ಪೇಟೆಂಟು ಮರಳಿ ಬಂದಿತಾದರೂ ಅಷ್ಟರಲ್ಲಿ ಉದ್ಯಮವು ಬೇರೂರಿತ್ತು. ಹೈದರಾಬಾದು ಪ್ರದೇಶವು ಇಂದು ಭಾರತದ ಔಷಧೋತ್ಪಾದನೆಯ ಪ್ರಮುಖ ಕೇಂದ್ರಗಳಲ್ಲೊಂದು.

ಈ ಸಾಧನೆಯನ್ನು ಲಘುವಾಗಿ ಎಣಿಸುವುದು ಅಧರ್ಮವಾದೀತು. ಹಳ್ಳಿಯ ಆಸ್ಪತ್ರೆಯಲ್ಲಿ ಬಡವನ ಕೂಸಿಗೆ ಕೆಲವೇ ರೂಪಾಯಿಗಳ ಗುಳಿಗೆಯಿಂದ ಜ್ವರ ಇಳಿದರೆ, ಆಫ್ರಿಕದ ರೋಗಿಯೊಬ್ಬನು ಭಾರತದ ಮಾತ್ರೆಯಿಂದ ಬದುಕಿದರೆ, ಅದರ ಪುಣ್ಯದಲ್ಲಿ ಇಂಥ ಕಾರ್ಖಾನೆಗಳಿಗೂ ಪಾಲುಂಟು. ಆದರೆ ಪುಣ್ಯದ ಪುಟವನ್ನು ಓದಿದವನು ಖರ್ಚಿನ ಪುಟವನ್ನೂ ತೆರೆದು ನೋಡಬೇಕು.

ತ್ಯಾಜ್ಯ ಹುಟ್ಟುವ ಬಗೆ

ಔಷಧಾಲಯದಲ್ಲಿ ದೊರೆಯುವ ಗುಳಿಗೆಯಲ್ಲಿ ಎರಡು ಬಗೆಯ ವಸ್ತುಗಳಿರುತ್ತವೆ: ರೋಗದ ಮೇಲೆ ಕೆಲಸ ಮಾಡುವ ಮೂಲದ್ರವ್ಯ ಮತ್ತು ಅದಕ್ಕೆ ಆಕಾರ ಕೊಡುವ ಪೂರಕದ್ರವ್ಯ. ವ್ಯಾಪಾರದ ಮಾತಿನಲ್ಲಿ 'ಬಲ್ಕ್ ಡ್ರಗ್' ಎನಿಸಿಕೊಳ್ಳುವ ಮೂಲದ್ರವ್ಯದ ತಯಾರಿಕೆಯೇ ಪಟಾಂಚೆರುವಿನ ಮುಖ್ಯ ಕಸುಬು. ಒಂದು ರಾಸಾಯನಿಕವನ್ನು ಮತ್ತೊಂದರೊಡನೆ ಬೆರೆಸಿ, ಕಾಯಿಸಿ, ದ್ರಾವಕಗಳಲ್ಲಿ ಕರಗಿಸಿ, ತಣಿಸಿ, ಸೋಸಿ, ತೊಳೆದು, ಹೀಗೆ ಹಲವು ಹಂತಗಳನ್ನು ದಾಟಿದ ಮೇಲೆ ಔಷಧವು ಕೈಗೆ ಬರುತ್ತದೆ. ಪ್ರತಿಯೊಂದು ಹಂತದಲ್ಲಿಯೂ ಅಷ್ಟಿಷ್ಟು ಕಸರು ಉಳಿಯುತ್ತದೆ. ರಸಾಯನಶಾಸ್ತ್ರಜ್ಞ ರೋಜರ್ ಶೆಲ್ಡನ್ ೧೯೯೨ರಲ್ಲಿ ಪ್ರಕಟಿಸಿದ ಲೆಕ್ಕದಂತೆ, ತೈಲ ಶುದ್ಧೀಕರಣದಲ್ಲಿ ಒಂದು ಕಿಲೋ ಉತ್ಪನ್ನಕ್ಕೆ ಹುಟ್ಟುವ ತ್ಯಾಜ್ಯವು ಸುಮಾರು ೧೦೦ ಗ್ರಾಂ; ಔಷಧೋದ್ಯಮದಲ್ಲಾದರೋ ಒಂದು ಕಿಲೋ ಉತ್ಪನ್ನಕ್ಕೆ ೨೫ರಿಂದ ೧೦೦ ಕಿಲೋ, ಕೆಲವೆಡೆ ಅದಕ್ಕೂ ಹೆಚ್ಚು. ಬೆಣ್ಣೆಯ ಮುದ್ದೆ ಚಿಕ್ಕದು, ಮಜ್ಜಿಗೆಯ ಹಂಡೆ ದೊಡ್ಡದು ಎಂಬಂತಹ ಸ್ಥಿತಿ ಇದು. ಆದರೆ ಈ ಮಜ್ಜಿಗೆಯನ್ನು ಕುಡಿಯುವಂತಿಲ್ಲ.

ಆರಂಭದ ದಿನಗಳಲ್ಲಿ ಈ ಕಸರು ಹಳ್ಳಗಳನ್ನೂ ಕೆರೆಗಳನ್ನೂ ಸೇರಿತು. ಬಾವಿಗಳ ನೀರು ಬಣ್ಣಗೆಟ್ಟಿತು. ನಕ್ಕವಾಗು ಹಳ್ಳದ ನೀರನ್ನು ಹಾಯಿಸಿದ ಗದ್ದೆಗಳು ಫಲವನ್ನು ಕಳೆದುಕೊಂಡವು. ಸ್ಥಳೀಯ ರೈತರೂ ವೈದ್ಯರೂ ದನಿಯೆತ್ತಿದರು. ೧೯೯೦ರಲ್ಲಿ ವ್ಯಾಜ್ಯವು ಸರ್ವೋಚ್ಚ ನ್ಯಾಯಾಲಯವನ್ನು ಮುಟ್ಟಿತು. ನಷ್ಟಕ್ಕೊಳಗಾದ ರೈತರಿಗೆ ಪರಿಹಾರವನ್ನು ಕೊಡಿಸುವ ಆದೇಶಗಳು ಹೊರಟವು. ವ್ಯಾಜ್ಯವು ಮಾತ್ರ ದಶಕಗಳ ಕಾಲ ಒಂದು ಪೀಠದಿಂದ ಇನ್ನೊಂದು ಪೀಠಕ್ಕೆ ಸಾಗಿತು.

ಶುದ್ಧೀಕರಣದ ವಿಪರ್ಯಾಸ

ಚಿಕ್ಕ ಕಾರ್ಖಾನೆಗಳು ತಮ್ಮ ತಮ್ಮ ತ್ಯಾಜ್ಯಜಲವನ್ನು ಪ್ರತ್ಯೇಕವಾಗಿ ಶುದ್ಧಗೊಳಿಸಲು ಶಕ್ತವಲ್ಲವೆಂಬ ಕಾರಣದಿಂದ ೧೯೯೦ರ ದಶಕದಲ್ಲಿ ಪಟಾಂಚೆರುವಿನಲ್ಲಿ ಸಾಮೂಹಿಕ ಶುದ್ಧೀಕರಣ ಘಟಕವೊಂದು ಏರ್ಪಟ್ಟಿತು. ಕಾರ್ಖಾನೆಗಳಿಂದ ಟ್ಯಾಂಕರುಗಳಲ್ಲಿ ಬಂದ ನೀರನ್ನು ಒಂದೆಡೆ ಕೂಡಿಸಿ, ಜೀವಾಣುಗಳಿಂದ ಅದರ ಕೊಳೆಯನ್ನು ತಿನ್ನಿಸುವುದು ಅದರ ಕ್ರಮ. ಆ ಜೀವಾಣುಗಳಿಗೆ ಪೋಷಣೆಯಾಗಲೆಂದು ಜನವಸತಿಯ ಕೊಳಚೆಯನ್ನೂ ಅದರಲ್ಲಿ ಬೆರೆಸಲಾಗುತ್ತಿತ್ತು.

ಸ್ವೀಡನ್ನಿನ ಯೋಆಕಿಂ ಲಾರ್ಸನ್ ಮತ್ತು ಅವರ ಸಂಗಡಿಗರು ಈ ಘಟಕದಿಂದ ಹೊರಬರುತ್ತಿದ್ದ, ಎಂದರೆ ಶುದ್ಧೀಕರಣವಾದ ನೀರನ್ನು ಪರೀಕ್ಷಿಸಿ ೨೦೦೭ರಲ್ಲಿ ಫಲಿತಾಂಶವನ್ನು ಪ್ರಕಟಿಸಿದರು. ಆಗ ಸುಮಾರು ೯೦ ಬಲ್ಕ್ ಡ್ರಗ್ ಕಾರ್ಖಾನೆಗಳ ತ್ಯಾಜ್ಯಜಲವು ದಿನವೊಂದಕ್ಕೆ ೧೫ ಲಕ್ಷ ಲೀಟರಿನಷ್ಟು ಅಲ್ಲಿಗೆ ಬರುತ್ತಿತ್ತು. ಆ ನೀರಿನಲ್ಲಿ ಸಿಪ್ರೊಫ್ಲಾಕ್ಸಸಿನ್ ಎಂಬ ಪ್ರತಿಜೈವಿಕವು ಲೀಟರಿಗೆ ೩೧ ಮಿಲಿಗ್ರಾಂವರೆಗೆ ಇದ್ದಿತು. ಇದು ಆ ಔಷಧವನ್ನು ಸೇವಿಸಿದ ರೋಗಿಯ ರಕ್ತದಲ್ಲಿ ಕಾಣುವ ಪ್ರಮಾಣಕ್ಕಿಂತಲೂ ಅಧಿಕ. ಲೆಕ್ಕ ಹಾಕಿದರೆ, ಸುಮಾರು ಒಂದು ಕೊಡ ನೀರಿನಲ್ಲಿ, ಎಂದರೆ ಹದಿನಾರು ಲೀಟರಿನಲ್ಲಿ, ೫೦೦ ಮಿಲಿಗ್ರಾಂ ತೂಕದ ಒಂದು ಮಾತ್ರೆ ಕರಗಿದಂತಾಯಿತು. ದಿನವೊಂದಕ್ಕೆ ಹೀಗೆ ಹರಿದುಹೋಗುತ್ತಿದ್ದುದು ಸುಮಾರು ೪೫ ಕಿಲೋ. ಇದೇ ತಂಡದ ೨೦೦೯ರ ಪ್ರಕಟಣೆಯು ಸುತ್ತಲಿನ ಕೆರೆಗಳಲ್ಲಿಯೂ ಹಳ್ಳಿಯ ಬಾವಿಗಳಲ್ಲಿಯೂ ಔಷಧದ್ರವ್ಯಗಳಿರುವುದನ್ನು ತೋರಿಸಿತು.

ಇದರ ಪರಿಣಾಮವನ್ನು ತಿಳಿಯಲು ಜೀವಾಣುಗಳ ಸ್ವಭಾವವನ್ನು ಅರಿಯಬೇಕು. ಪ್ರತಿಜೈವಿಕವು ತನ್ನ ಸಂಪರ್ಕಕ್ಕೆ ಬಂದ ಜೀವಾಣುಗಳಲ್ಲಿ ದುರ್ಬಲವಾದವನ್ನು ಕೊಲ್ಲುತ್ತದೆ. ಔಷಧವನ್ನು ತಡೆದುಕೊಳ್ಳುವ ಗುಣವುಳ್ಳ ಕೆಲವು ಉಳಿದು ಬೆಳೆಯುತ್ತವೆ. ಆ ಗುಣವನ್ನು ಹೊತ್ತ ಅನುವಂಶಿಕ ತುಣುಕುಗಳನ್ನು ಜೀವಾಣುಗಳು ತಮ್ಮ ಸಂತತಿಗೆ ಮಾತ್ರವಲ್ಲದೆ ನೆರೆಯ ಅನ್ಯಜಾತಿಯ ಜೀವಾಣುಗಳಿಗೂ ದಾಟಿಸಬಲ್ಲವು. ಮನುಷ್ಯನ ಕರುಳಿನ ಜೀವಾಣುಗಳಿರುವ ಕೊಳಚೆಯನ್ನು ಪ್ರತಿಜೈವಿಕ ತುಂಬಿದ ನೀರಿನೊಡನೆ ಬೆರೆಸುವುದೆಂದರೆ ಈ ವಿದ್ಯೆಗೆ ಒಂದು ಗುರುಕುಲವನ್ನೇ ತೆರೆದಂತೆ. ಈ ಘಟಕದ ನೀರು ಸೇರುವ ಹಳ್ಳದ ಕೆಸರಿನಲ್ಲಿ ಅಂಥ ನಿರೋಧಕ ಅಂಶಗಳು ಹೇರಳವಾಗಿರುವುದನ್ನು ೨೦೧೧ರ ಇನ್ನೊಂದು ಅಧ್ಯಯನವು ಕಂಡಿತು. ಔಷಧಕ್ಕೆ ಮಣಿಯದ ರೋಗಾಣುಗಳು ನೇರ ಕಾರಣವಾಗಿ ೨೦೧೯ರಲ್ಲಿ ಜಗತ್ತಿನಲ್ಲಿ ಸುಮಾರು ೧೨.೭ ಲಕ್ಷ ಜನ ಸತ್ತರೆಂದು 'ಲ್ಯಾನ್ಸೆಟ್' ಪತ್ರಿಕೆಯು ೨೦೨೨ರಲ್ಲಿ ಪ್ರಕಟಿಸಿದ ಅಂದಾಜು ಹೇಳುತ್ತದೆ. ಈ ಅನಿಷ್ಟಕ್ಕೆ ಆಸ್ಪತ್ರೆಗಳ ಮತ್ತು ಪಶುಪಾಲನೆಯ ಅತಿಬಳಕೆಯೇ ಮೊದಲಾಗಿ ಕಾರಣಗಳು ಹಲವು. ಆದರೂ ಮದ್ದನ್ನು ಮಾಡುವ ನೆಲದಲ್ಲಿಯೇ ಮದ್ದಿಗೆ ಬಗ್ಗದ ರೋಗಾಣುವು ಪಳಗುವುದು ವಿಪರ್ಯಾಸಗಳಲ್ಲೆಲ್ಲ ದೊಡ್ಡದು.

ಪರಿಹಾರವೆಂದು ಕೈಕೊಂಡ ಇನ್ನೊಂದು ಕಾರ್ಯವೂ ವಿಚಾರಾರ್ಹವಾದುದು. ಶುದ್ಧೀಕರಣ ಘಟಕದ ನೀರನ್ನು ೧೮ ಕಿಲೋಮೀಟರಿನ ಕೊಳವೆಯ ಮೂಲಕ ಒಯ್ದು ಹೈದರಾಬಾದಿನ ಅಂಬರ್‌ಪೇಟೆಯ ಕೊಳಚೆ ಶುದ್ಧೀಕರಣ ಕೇಂದ್ರಕ್ಕೆ ತಲುಪಿಸುವ ಏರ್ಪಾಡಾಯಿತು. ಅಲ್ಲಿಂದ ಅದು ಸೇರುವುದು ಮೂಸಿ ನದಿಯನ್ನು. ಮೂಸಿಯು ಸೇರುವುದು ಕೃಷ್ಣೆಯನ್ನು. ಗೋದಾವರಿಯ ಕಣಿವೆಯ ಹೊರೆಯು ಕೃಷ್ಣೆಯ ಕಣಿವೆಗೆ ಸ್ಥಳಾಂತರವಾಯಿತೇ ಹೊರತು ಇಲ್ಲವಾಗಲಿಲ್ಲ.

ಖರ್ಚನ್ನು ಹೊರುವವರು ಯಾರು?

ಕೇಂದ್ರ ಮಾಲಿನ್ಯ ನಿಯಂತ್ರಣ ಮಂಡಳಿಯು ೨೦೦೯ರಲ್ಲಿ ದೇಶದ ೮೮ ಕೈಗಾರಿಕಾ ಪ್ರದೇಶಗಳನ್ನು ಪರೀಕ್ಷಿಸಿ ಮಾಲಿನ್ಯದ ಸೂಚ್ಯಂಕವನ್ನು ನೀಡಿತು. ನೂರಕ್ಕೆ ೭೦ ದಾಟಿದವು ಅತ್ಯಂತ ಮಲಿನವಾದ ಪ್ರದೇಶಗಳೆನಿಸಿದವು. ಗುಜರಾತಿನ ಅಂಕಲೇಶ್ವರಕ್ಕೆ ೮೮.೫೦ ಬಂದರೆ ಪಟಾಂಚೆರು–ಬೊಲ್ಲಾರಂಗೆ ೭೦.೦೭ ಬಂದಿತು. ಕರ್ನಾಟಕದ ಮಂಗಳೂರು ಮತ್ತು ಭದ್ರಾವತಿಗಳೂ ಆ ಪಟ್ಟಿಯಲ್ಲಿದ್ದವು.

ಕಾರ್ಖಾನೆಯವರನ್ನು ಮಾತ್ರ ದೂಷಿಸಿ ಸುಮ್ಮನಾಗುವುದು ಸುಲಭ. ಆದರೆ ಚೀನದ ಅಗ್ಗದ ಸರಕಿನೊಡನೆ ಸೆಣಸಬೇಕಾದ ಈ ಉದ್ಯಮದಲ್ಲಿ ಲಾಭದ ಅಂಚು ಕಿರಿದು. ಕಸರಿನ ನೀರನ್ನು ಕುದಿಸಿ ಆವಿಯಾಗಿಸಿ, ಹನಿಯನ್ನೂ ಹೊರಬಿಡದಿರುವ ವಿಧಾನವುಂಟು. ಅದಕ್ಕೆ ಇಂಧನವು ಅಪಾರವಾಗಿ ಬೇಕು, ಕೊನೆಗುಳಿದ ಉಪ್ಪಿನ ರಾಶಿಯನ್ನು ಸುರಕ್ಷಿತವಾಗಿ ಹೂಳಬೇಕು. ಈ ಖರ್ಚನ್ನು ಪ್ರಾಮಾಣಿಕವಾಗಿ ಹೊತ್ತವನ ಔಷಧವು ಹೊರದವನ ಔಷಧಕ್ಕಿಂತ ದುಬಾರಿಯಾಗುತ್ತದೆ. ಕೊಳ್ಳುವವನು ಅಗ್ಗವಾದುದನ್ನೇ ಆರಿಸುತ್ತಾನೆ. ಕಾರ್ಖಾನೆಯೊಳಗಿನ ಶುಚಿತ್ವವನ್ನು ಪರೀಕ್ಷಿಸಲು ಸಾಗರದಾಚೆಯಿಂದಲೂ ಪರಿವೀಕ್ಷಕರು ಬರುತ್ತಾರೆ. ಗೋಡೆಯಾಚೆಯ ಹಳ್ಳವನ್ನು ನೋಡುವುದು ಅವರ ಕಟ್ಟಳೆಯಲ್ಲಿಲ್ಲ. ಹೀಗೆ ಬೆಲೆಚೀಟಿಯಲ್ಲಿ ಕಾಣದ ಖರ್ಚನ್ನು ಕೊನೆಗೆ ಹೊರುವವರು ಬಾವಿ ಕೆಟ್ಟ ರೈತ, ಮೀನು ಸತ್ತ ಬೆಸ್ತ, ಮದ್ದು ನಾಟದ ರೋಗಿ.

ಅವರೊಂದಿಗೆ ಕಾರ್ಮಿಕನನ್ನೂ ಸೇರಿಸಬೇಕು. ೨೦೨೫ರ ಜೂನ್ ೩೦ರಂದು ಪಾಶಮೈಲಾರಂನಲ್ಲಿ, ಗುಳಿಗೆಗಳಿಗೆ ಬೇಕಾದ ಪೂರಕದ್ರವ್ಯವನ್ನು ತಯಾರಿಸುವ ಕಾರ್ಖಾನೆಯೊಂದು ಸ್ಫೋಟಗೊಂಡು ನಲವತ್ತಕ್ಕೂ ಹೆಚ್ಚು ಮಂದಿ ಅಸುನೀಗಿದರು. ಅವರಲ್ಲಿ ಅನೇಕರು ಹೊಟ್ಟೆಪಾಡಿಗಾಗಿ ಹೊರರಾಜ್ಯಗಳಿಂದ ಬಂದವರು. ಮದ್ದೆಂಬ ಪದದ ಮೂರನೆಯ ಅರ್ಥವೂ ಅಂದು ದಾರುಣವಾಗಿ ನಿಜವಾಯಿತು.

ಕನ್ನಡ ನಾಡಿಗೆ ಇದರ ಪಾಠ

ನಿಯಮಗಳ ಮಾತು ಇನ್ನೂ ಅಪೂರ್ಣವಾಗಿದೆ. ತ್ಯಾಜ್ಯಜಲದಲ್ಲಿ ಪ್ರತಿಜೈವಿಕಗಳ ಮಿತಿಯನ್ನು ಗೊತ್ತುಪಡಿಸುವ ಕರಡನ್ನು ಕೇಂದ್ರ ಸರ್ಕಾರವು ೨೦೨೦ರ ಜನವರಿಯಲ್ಲಿ ಪ್ರಕಟಿಸಿತಾದರೂ ೨೦೨೧ರ ಅಂತಿಮ ನಿಯಮದಲ್ಲಿ ಆ ಮಿತಿಗಳು ಉಳಿಯಲಿಲ್ಲ. ವಿಶ್ವ ಆರೋಗ್ಯ ಸಂಸ್ಥೆಯು ೨೦೨೪ರ ಸೆಪ್ಟೆಂಬರಿನಲ್ಲಿ ಈ ವಿಷಯದ ಮೊದಲ ಮಾರ್ಗಸೂಚಿಯನ್ನು ಹೊರಡಿಸಿತು. ನಾರ್ವೆಯಂತಹ ದೇಶಗಳು ಸರ್ಕಾರಿ ಔಷಧ ಖರೀದಿಯಲ್ಲಿ ತಯಾರಿಕೆಯ ಪರಿಸರಶುದ್ಧಿಯನ್ನೂ ಗಣನೆಗೆ ತಂದಿವೆ. ಕೊಳ್ಳುವವನು ಕೇಳಿದರೆ ಮಾರುವವನು ಮಾಡುತ್ತಾನೆಂಬ ಲೋಕನೀತಿಗೆ ಇದು ಅನುಗುಣವಾದುದು.

ಬೀದರದ ಕೊಳಾರ ಕೈಗಾರಿಕಾ ಪ್ರದೇಶದಲ್ಲಿ ಈಗಾಗಲೇ ಔಷಧ ಮತ್ತು ರಾಸಾಯನಿಕ ಕಾರ್ಖಾನೆಗಳಿವೆ. ಯಾದಗಿರಿ ಜಿಲ್ಲೆಯ ಕಡೇಚೂರು–ಬಾಡಿಯಾಳದಲ್ಲಿ ಇತ್ತೀಚಿನ ವರ್ಷಗಳಲ್ಲಿ ಇನ್ನಷ್ಟು ನೆಲೆಗೊಂಡಿವೆ. ಎರಡೂ ಕಡೆ ದುರ್ವಾಸನೆ ಮತ್ತು ನೀರಿನ ಬಗೆಗೆ ಗ್ರಾಮಸ್ಥರ ದೂರುಗಳು ಕೇಳಿಬಂದಿವೆ. ಉದ್ಯೋಗಕ್ಕಾಗಿ ಮಹಾನಗರಗಳಿಗೆ ಗುಳೆ ಹೋಗುವ ಕಲ್ಯಾಣ ಕರ್ನಾಟಕದ ತರುಣರಿಗೆ ಕಾರ್ಖಾನೆಗಳು ಬೇಡವೆನ್ನುವುದು ಕ್ರೌರ್ಯ; ಅವರ ತಂದೆತಾಯಿಯರ ಬಾವಿಗಳನ್ನು ಬೆಲೆಯಾಗಿ ಕೇಳುವುದೂ ಅಷ್ಟೇ ಕ್ರೌರ್ಯ. ಕಾರ್ಖಾನೆ ಬರುವ ಮುನ್ನವೇ ಬಾವಿ ಕೆರೆಗಳ ನೀರನ್ನು ಪರೀಕ್ಷಿಸಿ ದಾಖಲಿಸಿಟ್ಟರೆ ಮುಂದೆ ಕೆಟ್ಟುದನ್ನು ಸಾಧಿಸಿ ತೋರಿಸಬಹುದು. ಪಟಾಂಚೆರುವಿನಲ್ಲಿ ಅಳತೆಯು ಬಂದದ್ದು ಹಾನಿಯಾದ ಮೇಲೆ. ಶಾಲೆಗಳ ವಿಜ್ಞಾನ ಶಿಕ್ಷಕರೂ ವಿದ್ಯಾರ್ಥಿಗಳೂ ವರ್ಷಕ್ಕೆರಡು ಬಾರಿ ತಮ್ಮೂರ ನೀರಿನ ಬಣ್ಣ, ವಾಸನೆ, ಲವಣಾಂಶ, ಆಮ್ಲತೆಗಳನ್ನು ಗುರುತಿಸಿ ಪುಸ್ತಕದಲ್ಲಿ ಬರೆದಿಡುವುದು ಬಹಳ ವೆಚ್ಚದ ಕೆಲಸವಲ್ಲ. ಪ್ರತಿಜೈವಿಕದ ಅಂಶವನ್ನು ಅಳೆಯಲು ದೊಡ್ಡ ಪ್ರಯೋಗಾಲಯಗಳೇ ಬೇಕು. ಆದರೆ ಅಂಥ ಪರೀಕ್ಷೆ ನಡೆಯಲೇಬೇಕೆಂದು ಕೇಳುವ ಅಧಿಕಾರವು ಇಂಥ ಪುಸ್ತಕವೊಂದು ಕೈಯಲ್ಲಿರುವ ಊರಿಗೆ ಹೆಚ್ಚು.

ರಸಾಯನವನ್ನು ಕಲಿತವನು ಅಗದವನ್ನೂ ಕಲಿಯಬೇಕೆಂಬುದು ಪ್ರಾಚೀನರ ಕ್ರಮವಾಗಿತ್ತು. ಮದ್ದನ್ನು ಮಾಡುವ ಕೈಯೇ ಅದರ ಕಸರಿನ ಲೆಕ್ಕವನ್ನೂ ಒಪ್ಪಿಸುವ ದಿನ ಬಂದಾಗ ಆ ಪದಕ್ಕೆ ಮೊದಲನೆಯ ಅರ್ಥವೊಂದೇ ಉಳಿದೀತು.