ನಕಲು ತಡೆಯ ಬೀಗ: ಆಟದ ತಂತ್ರಾಂಶದಿಂದ ಅಂಗಡಿಯ ಲೆಕ್ಕದವರೆಗೆ

ಗಣಕಯಂತ್ರದ ಆಟಗಳಿಗೂ ಹಾನಗಲ್ಲಿನ ಅಕ್ಕಿ ಗಿರಣಿಗೂ, ಸವಣೂರಿನ ವೀಳ್ಯದೆಲೆ ವ್ಯಾಪಾರಕ್ಕೂ, ಶಿಗ್ಗಾವಿ, ಹಿರೇಕೆರೂರುಗಳ ಗೋವಿನಜೋಳದ ದಲಾಲಿ ಅಂಗಡಿಗೂ ಏನು ಸಂಬಂಧವೆಂದು ಕೇಳಬಹುದು. ಆಟದ ತಂತ್ರಾಂಶಕ್ಕೂ ಲೆಕ್ಕದ ತಂತ್ರಾಂಶಕ್ಕೂ ಹಾಕುವ ಬೀಗ ಒಂದೇ ಜಾತಿಯದು. ಮುರಿಯುವ ವಿಧಾನವೂ ಒಂದೇ.

ಫ್ಲಾಪಿಯ ಕಾಲದಲ್ಲಿ ತಯಾರಕರು ತಟ್ಟೆಯ ಒಂದು ಭಾಗವನ್ನು ಬೇಕೆಂದೇ ಕೆಡಿಸಿಡುತ್ತಿದ್ದರು. ಸಾಮಾನ್ಯ ನಕಲಿನಲ್ಲಿ ಆ ದೋಷ ಮೂಡುತ್ತಿರಲಿಲ್ಲ. ಅದು ಕಾಣದಿದ್ದರೆ ತಂತ್ರಾಂಶ ನಿಲ್ಲುತ್ತಿತ್ತು. ನಕಲುಗಾರರು ತಟ್ಟೆಯ ಗೋಜಿಗೆ ಹೋಗದೆ, ದೋಷವನ್ನು ಹುಡುಕುವ ಆದೇಶವನ್ನೇ ಅಳಿಸಿದರು. ಮುಂದೆ ಬಂದ ಡಾಂಗಲ್‌ಗೂ, ಅಂತರಜಾಲದ ಮೂಲಕ ನೀಡುವ ಪರವಾನಗಿಗೂ ಇದೇ ಗತಿಯಾಯಿತು.

ಹಾಗಾದರೆ ಬೀಗವೇಕೆ? 2000ದಲ್ಲಿ ಬಂದ 'ಸ್ಪೈರೋ: ಇಯರ್ ಆಫ್ ದಿ ಡ್ರ್ಯಾಗನ್' ಆಟದ ತಯಾರಕರು ಒಂದೇ ದೊಡ್ಡ ಬೀಗದ ಬದಲು ಅನೇಕ ಗುಪ್ತ ತಪಾಸಣೆಗಳನ್ನು ಆಟದೊಳಗೆ ಹರಡಿದರು. ಮುರಿದ ಪ್ರತಿ ನಿಲ್ಲದೆ, ಆಡುತ್ತಾ ಹೋದಂತೆ ಹದಗೆಡುತ್ತಿತ್ತು. ಅದನ್ನು ಪೂರ್ಣವಾಗಿ ಭೇದಿಸಲು ನಕಲುಗಾರರಿಗೆ ಸುಮಾರು ಎರಡು ತಿಂಗಳು ಹಿಡಿಯಿತು. ಆಟಗಳ ಮಾರಾಟದ ದೊಡ್ಡ ಪಾಲು ಮೊದಲ ವಾರಗಳಲ್ಲೇ ನಡೆಯುವುದರಿಂದ ತಯಾರಕರಿಗೆ ಅಷ್ಟೇ ಸಾಕು. 2014ರಲ್ಲಿ ಆಸ್ಟ್ರಿಯಾದಿಂದ ಬಂದ 'ಡೆನುವೊ' ಬೀಗವೂ ಇಂತಹ ಕಾಲಾವಕಾಶವನ್ನೇ ಮಾರಿತು. 2017ರ ಜನವರಿಯಲ್ಲಿ 'ರೆಸಿಡೆಂಟ್ ಈವಿಲ್ 7' ಒಂದು ವಾರದೊಳಗೆ ಮುರಿದುಬಿದ್ದಾಗ ಆ ಸರಕಿನ ಬೆಲೆಯೇ ಚರ್ಚೆಗೆ ಬಂತು.

ಲೆಕ್ಕದ ತಂತ್ರಾಂಶದ ಮಾತು ಬೇರೆ. ಅದು ವರ್ಷಾನುಗಟ್ಟಲೆ ನಡೆಯತಕ್ಕದ್ದು. 2005ರ ಏಪ್ರಿಲ್‌ನಲ್ಲಿ ರಾಜ್ಯಕ್ಕೆ ವ್ಯಾಟ್ ಬಂತು, 2017ರ ಜುಲೈನಲ್ಲಿ ಜಿಎಸ್‌ಟಿ ಬಂತು. ಪ್ರತಿ ಬಾರಿಯೂ ತಂತ್ರಾಂಶ ಬದಲಾಗಬೇಕಾಯಿತು. ನಕಲಿ ಪ್ರತಿಗೆ ಆ ಬದಲಾವಣೆ ತಯಾರಕರಿಂದ ಸಿಗದು. ನಿಜಕ್ಕೂ ಗಟ್ಟಿಯಾದ ಬೀಗವೆಂದರೆ ಇದೇ.

ಮುರಿದ ಪ್ರತಿಯೊಡನೆ ಅನೇಕ ಬಾರಿ ಬರುವ ಸೂಚನೆ, ವೈರಸ್ ನಿರೋಧಕವನ್ನು ನಿಲ್ಲಿಸಿರಿ ಎಂಬುದು. ಕಾವಲುಗಾರನನ್ನು ಕಳುಹಿಸಿ ಅಪರಿಚಿತನನ್ನು ಗಲ್ಲಾಪೆಟ್ಟಿಗೆಯ ಬಳಿ ಕೂರಿಸಿದಂತೆ! ಬಾಕಿಯ ಖಾತೆಗಳೆಲ್ಲ ಅದೇ ಯಂತ್ರದಲ್ಲಿರುತ್ತವೆ.

ಕಾನೂನೂ ವ್ಯಾಪಾರಿಗೆ ಕಠಿಣವೇ. 1957ರ ಕೃತಿಸ್ವಾಮ್ಯ ಕಾಯ್ದೆಯ 63ಬಿ ಕಲಮಿನಂತೆ, ಅನಧಿಕೃತ ಪ್ರತಿಯೆಂದು ತಿಳಿದೂ ಬಳಸಿದರೆ 7 ದಿನಗಳಿಂದ 3 ವರ್ಷಗಳವರೆಗೆ ಸೆರೆವಾಸ, 50,000 ರೂಪಾಯಿಗಳಿಂದ 2 ಲಕ್ಷ ರೂಪಾಯಿಗಳವರೆಗೆ ದಂಡ. ಲಾಭಕ್ಕಾಗಿ ಅಥವಾ ವ್ಯಾಪಾರದಲ್ಲಿ ಬಳಸದಿದ್ದರೆ ನ್ಯಾಯಾಲಯವು ಸೆರೆವಾಸವನ್ನು ಬಿಡಬಹುದು; ಅಂಗಡಿಗೆ ಆ ರಿಯಾಯಿತಿಯಿಲ್ಲ. 2012ರಲ್ಲಿ ಸೇರಿಸಿದ 65ಎ ಕಲಮು ಬೀಗ ಮುರಿಯುವುದನ್ನೇ ಅಪರಾಧವಾಗಿಸಿತು. 2014ರಲ್ಲಿ ಕರ್ನಾಟಕವು ತನ್ನ ಗೂಂಡಾ ಕಾಯ್ದೆಯ ವ್ಯಾಪ್ತಿಗೆ ಡಿಜಿಟಲ್ ಅಪರಾಧಿಗಳನ್ನೂ ತಂದಿತು.

ಅಧಿಕೃತ ಪ್ರತಿ ಕೊಂಡವರು ಹಾನಿಯ ಭಯಕ್ಕೆ ಒಂದು ನಕಲು ತೆಗೆದಿಡುವುದನ್ನು ಅದೇ ಕಾಯ್ದೆಯ 52ನೆಯ ಕಲಮು ಅನುಮತಿಸುತ್ತದೆ. ಖರೀದಿಯ ರಶೀದಿ ಮಾತ್ರ ಕಡತದಲ್ಲಿರಬೇಕು.