ಚಳಿಯೂ ನ್ಯೂಮೋನಿಯಾವೂ

ಮಾಗಿ ಕಾಲಿಟ್ಟಿತೆಂದರೆ ಚಿಕ್ಕೋಡಿ, ನಿಪ್ಪಾಣಿ, ರಾಯಬಾಗ, ಅಥಣಿ, ಕಾಗವಾಡಗಳ ಸೀಮೆಯಲ್ಲಿ ಮನೆಮನೆಯಲ್ಲಿಯೂ ಕೌದಿಗಳು ಹೊರಬೀಳುತ್ತವೆ. ಹಸುಗೂಸಿನ ತಲೆಗೆ ಕುಂಚಿಗೆ ಏರುತ್ತದೆ. ಬಾಣಂತಿಯ ಕೋಣೆಯ ಕಿಟಕಿಗಳು ಮುಚ್ಚಿಕೊಂಡು ಒಳಗೆ ಶಗಡಿ ಹೊತ್ತಿಕೊಳ್ಳುತ್ತದೆ. ಮಗು ಕೆಮ್ಮಿತೋ, ಥಂಡಿಯಾಯಿತೆಂಬ ತೀರ್ಪು ಸಿದ್ಧವಾಗಿಯೇ ಇರುವುದು. ಪಟ್ಟಣದ ವಿದ್ಯಾವಂತರಾದ ನಾವೂ ಈ ತೀರ್ಪಿನಿಂದ ಬಹುದೂರ ಸರಿದವರಲ್ಲ. ಹಾಗಾದರೆ ಚಳಿಯೇ ನ್ಯೂಮೋನಿಯಾವನ್ನು ಹುಟ್ಟಿಸುವುದೇ ಎಂಬುದನ್ನು ವಿಚಾರಿಸೋಣ.

ಚಳಿಯೊಂದೇ ಹುಟ್ಟಿಸಲಾರದು. ಶ್ವಾಸಕೋಶದ ಸಣ್ಣ ಸಣ್ಣ ಗಾಳಿಚೀಲಗಳಲ್ಲಿ ಕ್ರಿಮಿಗಳು ಸೇರಿ, ಉರಿಯೂತವಾಗಿ, ದ್ರವ ತುಂಬಿಕೊಳ್ಳುವುದೇ ನ್ಯೂಮೋನಿಯಾ. ಈ ಕ್ರಿಮಿಗಳಲ್ಲಿ ಮುಖ್ಯವಾದ ನ್ಯೂಮೊಕಾಕಸನ್ನು ೧೮೮೧ರಲ್ಲಿ ಫ್ರಾನ್ಸಿನ ಪಾಶ್ಚರನೂ ಅಮೆರಿಕದ ಸ್ಟರ್ನ್‌ಬರ್ಗನೂ ಬೇರೆಬೇರೆಯಾಗಿ ಕಂಡುಹಿಡಿದರು. ಆದರೆ ಒಂದು ತೊಡಕುಂಟು. ಈ ಕ್ರಿಮಿ ಎಷ್ಟೋ ಆರೋಗ್ಯವಂತ ಮಕ್ಕಳ ಮೂಗು ಗಂಟಲುಗಳಲ್ಲಿ ಯಾವ ಕೇಡನ್ನೂ ಮಾಡದೆ ವಾಸಿಸುತ್ತಿರುತ್ತದೆ. ಅದು ಒಂದು ದಿನ ಕೆಳಕ್ಕಿಳಿದು ಪುಪ್ಪುಸವನ್ನು ಹಿಡಿಯುವುದೇಕೆ? ಚಳಿಯ ಪರವಾಗಿ ವಾದಿಸುವವರಿಗೆ ಅವಕಾಶ ದೊರೆಯುವುದು ಇಲ್ಲಿಯೇ.

ಪಾಶ್ಚರನ ಕೋಳಿಗಳ ಕಥೆ ಇಲ್ಲಿ ನೆನೆಯತಕ್ಕದ್ದು. ಕುರಿಗಳನ್ನು ಕೊಲ್ಲುವ ಆಂತ್ರಾಕ್ಸ್ ರೋಗ ಕೋಳಿಗೆ ಸುಲಭವಾಗಿ ತಗಲದು. ಅದರ ಮೈಶಾಖ ಸುಮಾರು ೪೨ ಡಿಗ್ರಿ. ಆತನು ೧೮೭೮ರಲ್ಲಿ ಕ್ರಿಮಿಯನ್ನು ಚುಚ್ಚಿದ ಕೋಳಿಯನ್ನು ತಣ್ಣೀರಿನಲ್ಲಿ ನಿಲ್ಲಿಸಿದನು, ಕೋಳಿ ಸತ್ತಿತು. ಕ್ರಿಮಿ ಚುಚ್ಚದೆ ನೀರಿನಲ್ಲಿ ನಿಲ್ಲಿಸಿದುದು ಬದುಕಿತು. ರೋಗ ಹಿಡಿದ ಇನ್ನೊಂದನ್ನು ನೀರಿನಿಂದೆತ್ತಿ ಬೆಚ್ಚಗಿರಿಸಲು ಅದೂ ಚೇತರಿಸಿಕೊಂಡಿತು. ಬೀಜವಿಲ್ಲದೆ ಪೈರಿಲ್ಲ, ಆದರೆ ನೆಲದ ಹದಕ್ಕೂ ಬೆಲೆಯುಂಟು.

ಮನುಷ್ಯರು ಕೋಳಿಗಳಲ್ಲವಷ್ಟೆ. ಇಂಗ್ಲೆಂಡಿನ ಸಾಲ್ಸ್‌ಬರಿಯಲ್ಲಿ ೧೯೪೬ರಲ್ಲಿ ಆರಂಭವಾದ ನೆಗಡಿಯ ಸಂಶೋಧನಾಲಯದಲ್ಲಿ ಸ್ವಯಂಸೇವಕರನ್ನು ಸ್ನಾನವಾದ ಮೇಲೆ ಒದ್ದೆ ಬಟ್ಟೆಯಲ್ಲಿಯೇ ಗಾಳಿ ಬೀಸುವ ಓಣಿಯಲ್ಲಿ ನಿಲ್ಲಿಸಿ ನೋಡಿದರು, ನೆಗಡಿ ಹೆಚ್ಚಲಿಲ್ಲ. ಆದರೆ ೨೦೦೫ರಲ್ಲಿ ಕಾರ್ಡಿಫ್ ವಿದ್ವಾಂಸರು ೯೦ ಜನರ ಪಾದಗಳನ್ನು ತಣ್ಣೀರಿನಲ್ಲಿ ೨೦ ನಿಮಿಷ ಇರಿಸಲು, ಮುಂದಿನ ನಾಲ್ಕೈದು ದಿನಗಳಲ್ಲಿ ೧೩ ಮಂದಿ ನೆಗಡಿಯಾಯಿತೆಂದರು. ತಣ್ಣೀರು ಮುಟ್ಟದ ೯೦ ಜನರಲ್ಲಿ ಹಾಗೆಂದವರು ೫ ಮಂದಿ. ೨೦೧೫ರಲ್ಲಿ ಅಮೆರಿಕದ ಯೇಲ್ ವಿದ್ಯಾಪೀಠದವರು, ೩೭ ಡಿಗ್ರಿಗಿಂತ ೩೩ ಡಿಗ್ರಿಯಲ್ಲಿ ಜೀವಕಣಗಳ ರಕ್ಷಣಾಶಕ್ತಿ ಕುಗ್ಗಿ ನೆಗಡಿಯ ವೈರಸ್ಸು ಚೆನ್ನಾಗಿ ವೃದ್ಧಿಯಾಗುವುದೆಂದು ತೋರಿಸಿದರು. ಆದುದರಿಂದ ಅಜ್ಜಿಯ ಮಾತು ಪೂರ್ಣ ಸುಳ್ಳಲ್ಲ. ಚಳಿ ಬಾಗಿಲನ್ನು ಸ್ವಲ್ಪ ಸಡಿಲಿಸಬಹುದು. ಒಳಹೊಗುವ ಕಳ್ಳ ಬೇರೆ.

ಆ ಕಳ್ಳನಿಗೆ ಚಳಿಗಾಲವೇ ಬೇಕೆಂದಿಲ್ಲ. ಚಿಕ್ಕೋಡಿ ಅಥಣಿಗಳು ಮುಂಬಯಿ ಪ್ರಾಂತಕ್ಕೆ ಸೇರಿದ್ದ ೧೯೧೮ರಲ್ಲಿ ಇನ್‌ಫ್ಲುಯೆಂಜಾ ಆ ಪ್ರಾಂತದಲ್ಲಿ ಹತ್ತು ಲಕ್ಷಕ್ಕೂ ಮಿಕ್ಕ ಜನರನ್ನು ಬಲಿಗೊಂಡಿತು. ಅದರ ಪರಾಕಾಷ್ಠೆ ಚಳಿ ಇನ್ನೂ ಬಾರದ ಸೆಪ್ಟೆಂಬರ್-ಅಕ್ಟೋಬರುಗಳಲ್ಲಿ. ಮಳೆ ಕೈಕೊಟ್ಟು ಕಾಳು ತುಟ್ಟಿಯಾಗಿದ್ದ ವರ್ಷವದು. ಆ ಜ್ವರದಲ್ಲಿ ಸತ್ತವರಲ್ಲಿ ಬಹುಪಾಲು ಜನರನ್ನು ಕೊಂದುದು ಅದರ ಬೆನ್ನಿಗೆ ಬಂದ ನ್ಯೂಮೋನಿಯಾ. ಇಂದಿಗೂ ನಮ್ಮ ದೇಶದ ಬಹುಭಾಗದಲ್ಲಿ ಇನ್‌ಫ್ಲುಯೆಂಜಾ ಮಳೆಗಾಲದಲ್ಲಿಯೇ ಹೆಚ್ಚು.

ನಮ್ಮ ಅಭಿಪ್ರಾಯದಲ್ಲಿ ಚಳಿಗಿಂತ ಹೆಚ್ಚು ಹೆದರಬೇಕಾದುದು ಚಳಿಗೆ ನಾವು ಮಾಡುವ ಉಪಾಯಗಳಿಗೆ. ಮುಚ್ಚಿದ ಕೋಣೆಯಲ್ಲಿ ಒಬ್ಬರ ಕೆಮ್ಮು ಎಲ್ಲರ ಪಾಲಾಗುತ್ತದೆ. ಕುಳ್ಳು ಕಟ್ಟಿಗೆಗಳ ಹೊಗೆ ಎಳೆಯ ಮಕ್ಕಳಿಗೆ ನ್ಯೂಮೋನಿಯಾದ ಸಂಭವವನ್ನು ಸುಮಾರು ಇಮ್ಮಡಿಯಾಗಿಸುತ್ತದೆ. ಇದ್ದಲಿನ ಶಗಡಿಯಾದರೆ ವಿಷಾನಿಲದಿಂದ ನಿದ್ರೆಯಲ್ಲಿಯೇ ಪ್ರಾಣ ತೆಗೆದೀತು. ಕಬ್ಬು ಕಡಿಯುವ ತಂಡಗಳು ಕೃಷ್ಣೆಯ ದಡಗಳಿಗೆ ಬಂದು ಗುಡಿಸಲು ಹಾಕುವುದೂ ಇದೇ ಕಾಲದಲ್ಲಿ. ಆ ಗುಡಿಸಲಿನ ಕೂಸಿಗೆ ಚಳಿ, ಹೊಗೆ, ಇಕ್ಕಟ್ಟು, ಅರೆಹೊಟ್ಟೆ ನಾಲ್ಕೂ ಒಟ್ಟಿಗೆ. ತಂಬಾಕಿಗೆ ಹೆಸರಾದ ನಿಪ್ಪಾಣಿಯ ಸುತ್ತ ಇನ್ನೊಂದು ಮಾತನ್ನೂ ಹೇಳಬೇಕು: ಶ್ವಾಸನಾಳದ ಕಸವನ್ನು ಗುಡಿಸುವ ಸೂಕ್ಷ್ಮ ರೋಮಗಳನ್ನು ಬೀಡಿಯ ಹೊಗೆ ಕೆಡಿಸುತ್ತದೆ.

ಬೆಚ್ಚಗಿರುವುದು ಬೇಡವೆಂದು ಯಾರೂ ತಿಳಿಯದಿರಲಿ. ನವಜಾತ ಶಿಶುವಿಗೆ, ಅದರಲ್ಲಿಯೂ ತಿಂಗಳು ತುಂಬದೆ ಹುಟ್ಟಿದುದಕ್ಕೆ, ಚಳಿಯೇ ಪ್ರಾಣಾಪಾಯ. ಅದನ್ನು ತಾಯಿಯ ಎದೆಗೆ ಮೈಗೆ ಮೈ ತಾಗುವಂತೆ ಒರಗಿಸಿ ಹೊದಿಸುವುದು ಶಗಡಿಗಿಂತ ಮೇಲು. ಮುದುಕರಲ್ಲಿ ಚಳಿ ರಕ್ತದೊತ್ತಡವನ್ನೇರಿಸಿ ಹೃದಯವನ್ನು ದಣಿಸುತ್ತದೆ.

ನ್ಯೂಮೊಕಾಕಸಿನ ಲಸಿಕೆ ೨೦೨೧ರಿಂದ ದೇಶದಾದ್ಯಂತ ಸರಕಾರಿ ಆಸ್ಪತ್ರೆಗಳಲ್ಲಿ ಉಚಿತವಾಗಿದೆ: ೬ನೆಯ ವಾರ, ೧೪ನೆಯ ವಾರ, ೯ನೆಯ ತಿಂಗಳು. ಆದರೂ ಕೆಮ್ಮು ಬಂದರೆ ಥಂಡಿಯೆಂದು ಹೊದಿಸಿ ಕಾಯುತ್ತ ಕೂಡುವುದು ತರವಲ್ಲ, ಉಸಿರನ್ನು ಎಣಿಸಬೇಕು. ಎರಡು ತಿಂಗಳೊಳಗಿನ ಶಿಶು ನಿಮಿಷಕ್ಕೆ ೬೦, ವರ್ಷದೊಳಗಿನದು ೫೦, ಐದು ವರ್ಷದೊಳಗಿನ ಮಗು ೪೦ ಅಥವಾ ಅದಕ್ಕೂ ಹೆಚ್ಚು ಸಲ ಉಸಿರಾಡಿದರೆ, ಇಲ್ಲವೆ ಉಸಿರೆಳೆಯುವಾಗ ಎದೆಯ ಕೆಳಭಾಗ ಒಳಕ್ಕೆ ಸೆಳೆದುಕೊಂಡರೆ, ಬೆಳಗಾಗಲೆಂದು ಕಾಯದೆ ವೈದ್ಯರಲ್ಲಿಗೆ ಒಯ್ಯತಕ್ಕದ್ದು. ಅಳುವಾಗ ಎಣಿಸಿದರೆ ಲೆಕ್ಕ ತಪ್ಪುವುದು. ಮಗು ಶಾಂತವಾಗಿ ಮಲಗಿರುವಾಗ ಕೌದಿಯನ್ನು ಸರಿಸಿ, ಗಡಿಯಾರ ನೋಡಿಕೊಂಡು, ಪೂರ್ತಿ ಒಂದು ನಿಮಿಷ ಎಣಿಸಬೇಕು.