ದೊಡ್ಡ ಸೊಳ್ಳೆಗೆ ಹೆದರಬೇಕೇ?

ಬೇಸಿಗೆಯಲ್ಲಿ ನಮ್ಮ ತಲಘಟ್ಟಪುರದಲ್ಲಿ ಸಂಜೆಯಾದರೆ ಸಾಕು, ಸೊಳ್ಳೆಗಳು ಗುಂಯ್ ಅಂತ ಮುತ್ತಿಕೊಳ್ಳುತ್ತವೆ. ದಪ್ಪನೆಯ ಕಪ್ಪು ಸೊಳ್ಳೆ ಕಂಡರೆ ನಮ್ಮಜ್ಜಿ “ಇದು ಕಚ್ಚಿದ್ರೆ ಜ್ವರ ಗ್ಯಾರಂಟಿ” ಅಂತಾರೆ. ಆದರೆ ಅದು ಆರ್ಮಿಜೆರಿಸ್ ಸೊಳ್ಳೆ. ಪಾಯಿಖಾನೆ ಗುಂಡಿಯ ಕೊಳಕು ನೀರಲ್ಲಿ ಹುಟ್ಟುತ್ತೆ. ಕಚ್ಚಿದರೆ ಚೆನ್ನಾಗಿ ಉರಿಯುತ್ತೆ ನಿಜ, ಡೆಂಗ್ಯೂ ಹರಡುವುದು ಅದಲ್ಲ. ಇನ್ನೂ ದೊಡ್ಡದಾದ ‘ಆನೆ ಸೊಳ್ಳೆ’ಯಂತೂ ರಕ್ತವನ್ನೇ ಕುಡಿಯುವುದಿಲ್ಲ. ಅದರ ಮರಿಗಳು ಬೇರೆ ಸೊಳ್ಳೆಮರಿಗಳನ್ನು ತಿಂದುಹಾಕುತ್ತವೆ!

ಹೆದರಬೇಕಾದ್ದು ಚಿಕ್ಕದಕ್ಕೆ. ಕಾಲಲ್ಲಿ ಬಿಳಿ ಪಟ್ಟೆ ಇರುವ ಈಡಿಸ್ ಸೊಳ್ಳೆ ಹಗಲಲ್ಲೇ ಕಚ್ಚಿ ಡೆಂಗ್ಯೂ ಹರಡುತ್ತೆ. 2024ರಲ್ಲಿ ಕರ್ನಾಟಕ ಸರ್ಕಾರ ಡೆಂಗ್ಯೂವನ್ನು ಸಾಂಕ್ರಾಮಿಕ ರೋಗವೆಂದು ಘೋಷಿಸಿತು. ಬೇಸಿಗೆಯಲ್ಲಿ ನಲ್ಲೀಲಿ ನೀರು ದಿನಾ ಬರಲ್ಲ ಅಂತ ಡ್ರಮ್ಮು, ತೊಟ್ಟಿ ತುಂಬಿಸಿಡ್ತೀವಲ್ಲ, ಆ ಒಳ್ಳೇ ನೀರೇ ಅದರ ತವರುಮನೆ. ಸೆಖೆಗೆ ಎಂಟು-ಹತ್ತು ದಿನದಲ್ಲಿ ಮೊಟ್ಟೆ ಹೋಗಿ ಸೊಳ್ಳೆಯಾಗುತ್ತೆ. ಬರೀ ನೀರು ಚೆಲ್ಲಿದರೆ ಸಾಲದು. ಅಂಚಿಗೆ ಅಂಟಿದ ಮೊಟ್ಟೆ ಒಣಗಿದರೂ ತಿಂಗಳುಗಟ್ಟಲೆ ಬದುಕಿರುತ್ತೆ. ಆದ್ದರಿಂದ ವಾರಕ್ಕೊಮ್ಮೆ ತಿಕ್ಕಿ ತೊಳೆದು ಮುಚ್ಚಿಡಬೇಕು.

1883ರ ಸುಮಾರಿಗೆ ಬೆಂಗಳೂರಿನಲ್ಲಿದ್ದ ಡಾಕ್ಟರ್ ರೊನಾಲ್ಡ್ ರಾಸ್, ತಮ್ಮ ಬಂಗಲೆಯ ಕಿಟಕಿ ಹತ್ತಿರವಿದ್ದ ತೊಟ್ಟಿಯ ನೀರು ಚೆಲ್ಲಿಸಿಯೇ ಸೊಳ್ಳೆಕಾಟ ಕಡಿಮೆ ಮಾಡಿಕೊಂಡರಂತೆ. 1897ರಲ್ಲಿ ಸಿಕಂದರಾಬಾದಿನಲ್ಲಿ ಸೊಳ್ಳೆಯ ಹೊಟ್ಟೆಯೊಳಗೆ ಮಲೇರಿಯಾ ರೋಗಾಣು ಕಂಡುಹಿಡಿದವರೂ ಅವರೇ.

ಶನಿವಾರ ಬೆಳಗ್ಗೆ ನಮ್ಮ ಶಾಲೆಯ ತೊಟ್ಟಿ ತಿಕ್ಕೋಣ. ಬರೋರು ತೆಂಗಿನ ನಾರು ತನ್ನಿ.